ಹಸಿರು ಪಟ್ಟಿಯ ಮನೆ

ಬಾಗಿಲು ಎಡಕ್ಕೆ ತೆರೆಯಬೇಕಿತ್ತು, ತೆರೆಯಿತು ಕೂಡ. ಹಾಗೆ ನೋಡಿದರೆ ಅಲ್ಲಿ ಬಾಗಿಲೇ ಇರಲಿಲ್ಲ. ನೆಲದ ಮೇಲೆ ಹಸಿರು ಅಂಟುಪಟ್ಟಿ, ಪಟ್ಟಿ ತುಂಡಾದ ಕಡೆ ಎರಡು ಕಬ್ಬಿಣದ ಕಂಬ, ಅಷ್ಟೆ. ಎಡ್ಗರ್ ಹೋಲ್‌ರಾಯ್ಡ್ ಇಲ್ಲದ ಹಿಡಿಕೆಯನ್ನು ತಿರುಗಿಸಿ, ತಲೆ ತಗ್ಗಿಸಿ ಒಳಗೆ ಕಾಲಿಟ್ಟ. ತಲೆ ಯಾಕೆ ತಗ್ಗಿಸಿದೆ ಎಂಬ ಯೋಚನೆ ಆಮೇಲೆ ಬಂತು.

"ತಲೆ ತಗ್ಗಿಸೋದು ಬೇಡ ಎಡ್ಗರ್," ಎಂದಳು ಮೊರೀನ್. ತಾಲೀಮು ಮನೆಯ ಉಸ್ತುವಾರಿ ಅವಳದು. ಅಂಟುಪಟ್ಟಿಯ ಸುರುಳಿಗಳನ್ನು ಬಳೆಗಳ ಹಾಗೆ ಮೊಣಕೈವರೆಗೆ ಏರಿಸಿಕೊಂಡಿದ್ದಳು. "ಸ್ಟುಡಿಯೋದಲ್ಲಿ ಬಾಗಿಲು ಆರೂವರೆ ಅಡಿ ಮಾಡಿದಾರೆ. ನಮ್ಮ ಹೀರೋ ಪಿಯರ್ಸ್ ಎತ್ತರ ಅಲ್ವಾ."

"ಅಭ್ಯಾಸ," ಎಂದ ಎಡ್ಗರ್.

ಯಾವುದರ ಅಭ್ಯಾಸ? ಇವತ್ತು ತಾನೆ ಬಂದದ್ದು. ಟೆಲಿವಿಷನ್ ಧಾರಾವಾಹಿಯ ಉಳಿದ ನಟರೆಲ್ಲ ಹತ್ತು ದಿನದಿಂದ, ಗೋಡೆಗಳ ಬದಲು ಅಂಟಿಸಿದ ಈ ಪಟ್ಟಿಗಳೊಳಗೆ ಓಡಾಡುತ್ತಿದ್ದರು. ಹಸಿರು ಮನೆ, ಕೆಂಪು ಪಬ್ಬು, ಹಳದಿ ಆಸ್ಪತ್ರೆ. ನಾಳೆ ಸ್ಟುಡಿಯೋದಲ್ಲಿ ಇವಕ್ಕೆ ಹಲಗೆಯ ಗೋಡೆಗಳು ಏಳುತ್ತವೆ, ನಾಡಿದ್ದು ಮುರಿದು ಬೀಳುತ್ತವೆ. ಇಪ್ಪತ್ತೆರಡು ವರ್ಷದಲ್ಲಿ ಎಡ್ಗರ್ ಒಮ್ಮೆಯೂ ಪಟ್ಟಿ ದಾಟಿ ನಡೆದವನಲ್ಲ. ಗೋಡೆ ಎಂದರೆ ಗೋಡೆ. ಅದನ್ನು ತುಳಿದುಕೊಂಡು ಹೋಗುವವರು ದೀಪದವರು, ಕ್ಯಾಮೆರಾದವರು, ಮತ್ತು ನಾಟಕ ಬರೆದವರು.

ಒಳಗೆ ನಾಲ್ಕು ಹೆಜ್ಜೆ. ಬಲಕ್ಕೆ ಒಲೆಯ ಗೂಡು. ಅದರ ಪಕ್ಕಕ್ಕೇ, ಇರಬಾರದ ಜಾಗದಲ್ಲಿ, ಮೆಟ್ಟಿಲು. ಹಿಂದೆ ಅಡುಗೆಮನೆ, ಕಲ್ಲಿದ್ದಲ ಗೂಡಿನ ಕಿರುಬಾಗಿಲು. ಕಾಲುಗಳಿಗೆ ಎಲ್ಲ ಗೊತ್ತಿತ್ತು. ಗಣಿಯ ಕಂಪನಿ ಕಟ್ಟಿಸಿದ ಮನೆಗಳೆಲ್ಲ ಒಂದೇ ಅಚ್ಚು, ಇಡೀ ಯಾರ್ಕ್‌ಷೈರಿನಲ್ಲಿ ಇಂಥ ಸಾವಿರ ಮನೆ ಇರಬಹುದು ಎಂದು ಎಡ್ಗರ್ ತನಗೆ ತಾನೇ ಹೇಳಿಕೊಂಡ. ಆದರೆ ಮೆಟ್ಟಿಲು ಒಲೆಯ ಪಕ್ಕಕ್ಕೆ ಇದ್ದದ್ದು ಒಂದೇ ಮನೆಯಲ್ಲಿ, ಅವನು ಬೆಳೆದ ಮನೆಯಲ್ಲಿ. ಅಲ್ಲಿ ಹಾಕಿದ್ದು ಅವನ ಅಜ್ಜ, ಕಂಪನಿಯವರ ಹತ್ತಿರ ಬೈಸಿಕೊಂಡು.

ನಿನ್ನೆ ಮಧ್ಯಾಹ್ನ ಏಜೆಂಟ್ ಫೋನು ಮಾಡಿದ್ದ. ಮುದುಕನ ಪಾತ್ರದವನು ಮಂಜುಗಡ್ಡೆಯ ಮೇಲೆ ಜಾರಿ ಸೊಂಟ ಮುರಿದುಕೊಂಡಿದ್ದಾನೆ. "ಒಂದೇ ದೃಶ್ಯ, ಗಣಿಯವನು, ಹಾಸಿಗೆ ಹಿಡಿದಿದಾನೆ, ಸಾಯ್ತಾನೆ. ಮಾತು ಒಂದೇ ಒಂದು. ನಾಟಕದ ಪುಸ್ತಕ ಅಲ್ಲೇ ಕೊಡ್ತಾರಂತೆ. ಬರೆದದ್ದು ನೈಜೆಲ್ ಫೆನ್."

ನೈಜೆಲ್ ಹೆಸರು ಕೇಳಿ ಎಡ್ಗರ್ ಸಂತೋಷಪಟ್ಟಿದ್ದ. ಹದಿನೆಂಟು ವರ್ಷದ ಗೆಳೆತನ, ಪ್ರತಿ ಗುರುವಾರ ಒಂದೇ ಪಬ್ಬು, ಒಂದೇ ಮೂಲೆ. 'ನಿನಗಂತ ಒಂದು ಬರೀತೀನಿ ಕಣೋ' ಎಂದು ನೈಜೆಲ್ ಎಷ್ಟು ಗುರುವಾರ ಹೇಳಿದ್ದನೋ. ಕೊನೆಗೂ ನೆನಪಿಟ್ಟು ತನ್ನ ಹೆಸರು ಹೇಳಿದನಲ್ಲ ಎಂದುಕೊಂಡ. ಹೆಂಡತಿ ಐರಿಸ್ ಮಾತ್ರ ಬಟ್ಟಲು ತೊಳೆಯುವುದನ್ನು ನಿಲ್ಲಿಸಿದ್ದಳು.

"ಒಪ್ಕೋಬೇಡ," ಎಂದಿದ್ದಳು. "ಚಳಿ ಜಾಸ್ತಿ. ನಿನ್ನ ಎದೆ ಸರಿಯಿಲ್ಲ."

"ಹಾಸಿಗೇಲಿ ಮಲಗೋ ಪಾತ್ರ ಐರಿಸ್. ಕಂಬಳಿ ಅವರೇ ಕೊಡ್ತಾರೆ."

ಅವಳು ನಕ್ಕಿರಲಿಲ್ಲ.

ಮಾಡಿದ ಪಾತ್ರಗಳ ಲೆಕ್ಕ ಎಡ್ಗರ್ ಇಟ್ಟಿದ್ದ. ಪೊಲೀಸ್ ಸಾರ್ಜೆಂಟ್ ಹನ್ನೊಂದು ಸಲ, ಪಾದ್ರಿ ಒಂಬತ್ತು ಸಲ, ಬಟ್ಲರ್ ಎಷ್ಟೋ ಸಲ. ಹದಿಮೂರು ಸಲ ಸತ್ತಿದ್ದ, ಅದರಲ್ಲಿ ನಾಲ್ಕು ಕೊಲೆ. ದೇಶದಲ್ಲಿ ಅವನ ಮುಖ ನೋಡದ ಮನೆ ಇರಲಿಲ್ಲ. ಅವನ ಹೆಸರು ಗೊತ್ತಿದ್ದ ಮನೆ ಅವನದೊಂದೇ. ಇವತ್ತು ಬೆಳಿಗ್ಗೆ ಬಸ್ಸಿನ ಕಂಡಕ್ಟರ್ ಟಿಕೆಟ್ ಹರಿಯುವುದನ್ನು ಬಿಟ್ಟು ದಿಟ್ಟಿಸಿದ್ದ. "ನೀವು ಗ್ಯಾಸ್ ಕಚೇರಿಯವರಲ್ವಾ? ನಮ್ಮನೆ ಒಲೆ ರಿಪೇರಿ ಮಾಡಿ ಹೋದೋರು?" ಎಡ್ಗರ್ ಹೌದೆಂದ. ಅಲ್ಲ ಎಂದರೆ ವಿವರಿಸಬೇಕಾಗುತ್ತಿತ್ತು. "ಇನ್ನೂ ಸೋರ್ತಾ ಇದೆ," ಎಂದ ಕಂಡಕ್ಟರ್.

ಮೊರೀನ್ ಪುಸ್ತಕ ತಂದುಕೊಟ್ಟಳು. "ನಲವತ್ತೊಂದನೇ ಪುಟ. ಬೇರೆ ಏನೂ ಓದೋದು ಬೇಡ, ಟೀ ಕುಡೀರಿ ಮೊದಲು."

ಎಡ್ಗರ್ ಟೀ ಹಿಡಿದುಕೊಂಡು ಹಾಸಿಗೆಯ ಮೇಲೆ ಕೂತ. ಹಾಸಿಗೆ ಎಂದರೆ ಉದ್ದನೆಯ ಬೆಂಚು, ಮೇಲೊಂದು ಬೂದು ಕಂಬಳಿ. ಎದುರಿಗೆ ಕುರ್ಚಿಯ ಮೇಲೆ ಸೇಬಿನ ರಟ್ಟಿನ ಪೆಟ್ಟಿಗೆ, ಅದು ಟೆಲಿವಿಷನ್.

ಪುಸ್ತಕ ತೆರೆದ. ಮನೆಯ ಮುಂದಿನ ಕೋಣೆ. 1955. ಮೆಟ್ಟಿಲು ಹತ್ತಲಾರದ ಮುದುಕನಿಗೆ ಹಾಸಿಗೆಯನ್ನು ಕೆಳಗೇ ಹಾಕಿದ್ದಾರೆ. ಮಗ ಲಂಡನ್ನಿನಲ್ಲಿ ನಟ. ಅಪ್ಪನ ಸ್ಥಿತಿ ಕೆಟ್ಟಿದೆ ಎಂದು ತಂತಿ ಹೋಗಿದೆ, ಮಗ ಬಂದಿಲ್ಲ. ಆವತ್ತು ಸಂಜೆ ಅವನು ಮೊದಲ ಸಲ ಟೆಲಿವಿಷನ್ನಿನಲ್ಲಿ ಬರುವವನಿದ್ದಾನೆ, ಮುದಿ ಸೇವಕನ ವೇಷದಲ್ಲಿ. ಪಕ್ಕದ ಮನೆಯವರು ತಮ್ಮ ಸೆಟ್ಟನ್ನು ಹೊತ್ತು ತರುತ್ತಾರೆ. ಬಾಗಿಲಲ್ಲಿ ಹಿಡಿಸದೆ ಕಿಟಕಿಯ ಚೌಕಟ್ಟು ಬಿಚ್ಚಿ ಒಳಗೆ ಇಳಿಸುತ್ತಾರೆ. ಎರಡು ದಿನದ ಮೇಲೆ ಅದೇ ಕಿಟಕಿಯಿಂದ ಶವಪೆಟ್ಟಿಗೆ ಹೊರಗೆ ಹೋಗುತ್ತದೆ.

ಎಡ್ಗರ್ ಟೀ ಬಟ್ಟಲನ್ನು ನೆಲಕ್ಕಿಟ್ಟ. ಸಿಟ್ಟು ಬಂತು, ಬಂದಷ್ಟೇ ಬೇಗ ಇಳಿಯಿತು. ಇದನ್ನೆಲ್ಲ ಪಬ್ಬಿನಲ್ಲಿ ತಾನೇ ಹೇಳಿದ್ದು. ನೈಜೆಲ್‌ಗೊಬ್ಬನಿಗೆ ಅಲ್ಲ, ಕೇಳಿದವರಿಗೆಲ್ಲ ಹೇಳಿದ್ದ. ಕಿಟಕಿಯ ಭಾಗಕ್ಕೆ ಜನ ತಲೆದೂಗುತ್ತಿದ್ದರು. 'ಅಪ್ಪ ನನ್ನನ್ನು ನೋಡಿದ, ಸಮಾಧಾನದಿಂದ ಕಣ್ಣು ಮುಚ್ಚಿದ' ಎಂಬಲ್ಲಿಗೆ ಬರುವಾಗ ಯಾರಾದರೂ ಒಬ್ಬರು ಇನ್ನೊಂದು ಬಿಯರ್ ತರಿಸುತ್ತಿದ್ದರು. ಹೇಳಿದ್ದನ್ನು ಗೆಳೆಯ ಬರೆದುಕೊಂಡ. ಬರೆಯುವವರ ಜಾತಿಯೇ ಅದು, ಆಗಲಿ.

ಪುಟ ತಿರುವಿದ.

ತಾಯಿ: ನೋಡ್ರಿ, ನಮ್ಮ ಹುಡುಗ ಬಂದ.

ಮುದುಕ ಬಹಳ ಹೊತ್ತು ನೋಡುತ್ತಾನೆ.

ಮುದುಕ: ಇಂವ ನಮ್ಮಾಂವ ಅಲ್ಲ.

ಗೋಡೆಯ ಕಡೆ ಹೊರಳುತ್ತಾನೆ.

ಎಡ್ಗರ್ ಆ ಸಾಲನ್ನು ಎರಡನೆಯ ಸಲ ಓದಲಿಲ್ಲ. ಅದು ಪಬ್ಬಿನಲ್ಲಿ ಹೇಳಿದ್ದಲ್ಲ. ಅಪ್ಪನ ಮಣ್ಣಾದ ದಿನ ಅವ್ವ ಪಾತ್ರೆ ಒರೆಸುತ್ತ, ಅವನ ಮುಖ ನೋಡದೆ ಅದನ್ನು ಹೇಳಿದ್ದಳು. ಅವ್ವ ಸತ್ತು, ಅವಳ ಮಣ್ಣು ಮುಗಿಸಿ ಲಂಡನ್ನಿಗೆ ಮರಳುವಾಗ ರೈಲಿನಲ್ಲಿ ಅವನು ಐರಿಸ್‌ಗೆ ಹೇಳಿದ್ದ. ಒಂದೇ ಸಲ. ಅವಳು ಅವನ ಕೈ ಹಿಡಿದುಕೊಂಡಿದ್ದಳು. ಡಾನ್‌ಕಾಸ್ಟರ್‌ನಿಂದ ಪೀಟರ್‌ಬರೋವರೆಗೂ ಬಿಟ್ಟಿರಲಿಲ್ಲ.

"ಗುರುವೇ!"

ಪಿಯರ್ಸ್ ಡ್ಯಾಂಟ್ರಿ. ಈ ಧಾರಾವಾಹಿಯ ನಾಯಕ, ಅಂದರೆ ಮಗ. ಪತ್ರಿಕೆಗಳ ಮುಖಪುಟದಲ್ಲಿ ಕಾಣುವ ಮುಖ. ಒಳ್ಳೆಯ ಹುಡುಗ, ಬಾಗಿಲಿನಿಂದಲೇ ಬಂದ.

"ನೀವು ಆ ಕಡೆಯವರಂತೆ? ದೇವರು ಕಳಿಸಿದ ಹಾಗಾಯ್ತು. ಆ ಉತ್ತರದೋರ ಮಾತು ನನ್ನ ಬಾಯಲ್ಲಿ ನಿಲ್ತಾನೇ ಇಲ್ಲ. ಹೇಳಿ ನೋಡೋಣ, ಇವನು ನಮ್ಮವನಲ್ಲ."

"ಅದು ನಿಮ್ಮ ಮಾತಲ್ಲವಲ್ಲ. ಮುದುಕನದು."

"ಆರನೇ ಕಂತಿನಲ್ಲಿ ನಂಗೂ ಇದೆ. ಕನ್ನಡಿ ನೋಡ್ಕೊಂಡು ನಾನೇ ಹೇಳ್ತೀನಿ. ಅಲ್ಲಿಗೆ ಮುಗಿಯತ್ತೆ."

"ಇಂವ ನಮ್ಮಾಂವ ಅಲ್ಲ," ಎಂದ ಎಡ್ಗರ್.

"ಇಂವಾ ನಮ್ಮಾವಾ ಅಲ್ಲಾ."

"ಎಳೀಬೇಡಿ. ಬಾಗಿಲು ಹಾಕಿದ ಹಾಗೆ ಹೇಳಬೇಕು. ಇಂವ ನಮ್ಮಾಂವ ಅಲ್ಲ."

ಹೀಗೆ ಆರು ಸಲ ಹೇಳಿಕೊಟ್ಟ. ಆರನೆಯ ಸಲಕ್ಕೆ ಪಿಯರ್ಸ್‌ಗೆ ಬಂತು, ಚೆನ್ನಾಗಿಯೇ ಬಂತು. ಖುಷಿಯಿಂದ ಅವನು ಒಲೆಯ ಗೂಡಿನವರೆಗೆ ನಡೆದು ತಿರುಗಿ ಬಂದ. ಎಡಗೈ ಪ್ಯಾಂಟಿನ ಜೇಬಿನಲ್ಲಿತ್ತು. ಹೆಬ್ಬೆರಳು ಜೇಬಿನ ಅಂಚನ್ನು ಸವರುತ್ತಿತ್ತು. ಎಡ್ಗರ್ ತನ್ನ ಎಡಗೈಯನ್ನು ಮೆಲ್ಲನೆ ಜೇಬಿನಿಂದ ತೆಗೆದ.

"ಆ ಕೈ ನೈಜೆಲ್ ಹೇಳಿಕೊಟ್ಟಿದ್ದು," ಎಂದ ಪಿಯರ್ಸ್. "ಅವನಿಗೆ ಗೊತ್ತಿರೋ ಯಾರೋ ಒಬ್ಬ ನಟ ಹಾಗೆ ಮಾಡ್ತಾನಂತೆ. ಬರೀ ಬಟ್ಲರು, ಪೊಲೀಸು, ಅಷ್ಟೇ ಮಾಡಿಕೊಂಡು ಬಂದವನಂತೆ. ತಾನು ಯಾರು ಅನ್ನೋದೇ ಅವನಿಗೆ ಗೊತ್ತಿಲ್ವಂತೆ, ಪಾಪ. ಅದೇ ನನ್ನ ಪಾತ್ರ."

"ಅವನಿಗೆ ಇದು ಗೊತ್ತಾ?"

"ಯಾರಿಗೆ?"

"ಆ ನಟನಿಗೆ."

"ಗೊತ್ತಾದರೂ ತನ್ನದೇ ಅಂತ ಗುರುತು ಹಿಡಿಯಲ್ಲ ಅಂತಾನೆ ನೈಜೆಲ್." ಪಿಯರ್ಸ್ ನಕ್ಕ. ಅವನ ನಗುವಿನಲ್ಲಿ ವಿಷ ಇರಲಿಲ್ಲ.

ಊಟದ ಬಿಡುವಿನಲ್ಲಿ ಕ್ಯಾಂಟೀನಿನ ಹೊರಗಿನ ಫೋನಿಗೆ ನಾಣ್ಯ ಹಾಕಿದ. ಗಾಜಿನಾಚೆ ಮೂವರು ಪೊಲೀಸರು, ಒಬ್ಬ ರೋಮನ್ ಸಿಪಾಯಿ ಆಲೂಗೆಡ್ಡೆ ತಿನ್ನುತ್ತಿದ್ದರು.

"ಐರಿಸ್."

"ಹೇಳು. ಬೇಗ ಮುಗೀತಾ?"

"ನೈಜೆಲ್‌ಗೆ ನೀನು ಹೇಳಿದ್ಯಾ?"

ಹಿಂದೆ ನಲ್ಲಿಯ ಸದ್ದು ಕೇಳುತ್ತಿತ್ತು.

"ಏನನ್ನ?"

"ಏನನ್ನ ಅಂತ ಕೇಳ್ತೀಯಲ್ಲ."

"ಲಿವರ್ ತಂದಿದೀನಿ. ಈರುಳ್ಳಿ ಹಾಕಿ ಮಾಡ್ಲಾ?"

"ಮೆಟ್ಟಿಲು ಕೂಡ ಹೇಳಿದೀಯ. ಒಲೆ ಪಕ್ಕಕ್ಕೆ."

"ಚೀಟಿ ಮೇಲೆ ಗೀಚಿ ತೋರಿಸಿದೆ," ಎಂದಳು ಐರಿಸ್. ದನಿ ಸಣ್ಣದಾಗಿತ್ತು.

"ಯಾವಾಗ?"

"ನೀನು ಲೀಡ್ಸ್‌ನಲ್ಲಿ ಪಾದ್ರಿ ಆಗಿದ್ಯಲ್ಲ, ಆವಾಗ."

ಆರು ವಾರ. ಆ ಆರು ವಾರ ಅವನು ಪ್ರತಿ ಭಾನುವಾರ ಮನೆಗೆ ಫೋನು ಮಾಡಿದ್ದ. ಚೆನ್ನಾಗಿದೀನಿ ಎಂದಿದ್ದಳು, ಬೇಜಾರಾಗಲ್ವಾ ಎಂದರೆ ಇಲ್ಲ ಎಂದಿದ್ದಳು.

"ಎಡ್ಗರ್, ಅವನು ಕೇಳಿದ. ನಿನ್ನ ವಿಷಯ ಅಷ್ಟು ಗಮನ ಕೊಟ್ಟು ಯಾರೂ ನನ್ನ ಕೇಳಿರಲಿಲ್ಲ. ನೀನೂ ಹೇಳ್ಕೊಂಡವನಲ್ಲ. ನಾನೊಬ್ಬಳೇ ಎಷ್ಟು ದಿನ ಇಟ್ಕೊಂಡಿರಲಿ ಅದನ್ನ?"

"ಕೇಳಿದ್ದು ಅಷ್ಟೇನಾ?"

ಅವಳು ಉತ್ತರ ಹೇಳುತ್ತಿದ್ದಳೋ ಏನೋ. ನಾಣ್ಯದ ಹೊತ್ತು ಮುಗಿದು ಫೋನು ಕುಯ್ಯೋ ಎಂದಿತು. ಎಡ್ಗರ್‌ನ ಜೇಬಿನಲ್ಲಿ ಇನ್ನೂ ಚಿಲ್ಲರೆ ಇತ್ತು. ಅವನು ಹಾಕಲಿಲ್ಲ.

ಎರಡು ಗಂಟೆಗೆ ದೀಪದವರು, ಧ್ವನಿಯವರು, ಕ್ಯಾಮೆರಾದವರು ಗುಂಪಾಗಿ ಬಂದರು. ಸ್ಟುಡಿಯೋಗೆ ಹೋಗುವ ಹಿಂದಿನ ದಿನ ಅವರಿಗೆಲ್ಲ ಒಮ್ಮೆ ಆಡಿ ತೋರಿಸುವ ಪದ್ಧತಿ. ಅವರು ನಾಟಕ ನೋಡಲು ಬರುವವರಲ್ಲ. ಬೆಳಕು ಎಲ್ಲಿಂದ, ಮೈಕು ಎಲ್ಲಿಂದ ಎಂದು ನೋಡಲು ಬರುವವರು. ಸಾಯುವವನ ತಲೆಯ ಮೇಲೆಯೇ ನಿಂತು ಬ್ರೆಡ್ಡು ಅಗಿಯುತ್ತಾರೆ.

ಅವರ ಹಿಂದೆ ನೈಜೆಲ್ ಫೆನ್ ಬಂದ, ಪೈಪು ಕಚ್ಚಿಕೊಂಡು. ಬೆಂಚಿನ ಮೇಲಿದ್ದ ಮುದುಕ ಯಾರೆಂದು ನೋಡಿದ. ಪೈಪು ಬಾಯಿಂದ ಕೈಗಿಳಿಯಿತು. ಹಸಿರು ಪಟ್ಟಿಯನ್ನು ತುಳಿದು, ಗೋಡೆಯೊಳಗಿಂದ ನೇರ ಹಾಸಿಗೆಯ ಹತ್ತಿರ ಬಂದ.

"ಎಡ್ಗರ್! ನಿನ್ನನ್ನ ಕರೆದಿದಾರೆ ಅಂತ ಯಾರೂ ನಂಗೆ ಹೇಳಲೇ ಇಲ್ಲ."

"ನಂಗೂ ಯಾರೂ ಏನೂ ಹೇಳಿರಲಿಲ್ಲ."

"ಪುಸ್ತಕ ಓದಿದ್ಯಾ?"

"ನಂದು ಒಂದೇ ಮಾತು ತಾನೆ."

ನೈಜೆಲ್ ಪೈಪನ್ನು ಬೆಂಚಿನ ಕಾಲಿಗೆ ತಟ್ಟಿದ. "ನೋಡು, ಬರೆಯೋದು ಅಂದ್ರೆ ಅಲ್ಲಿಂದ ಸ್ವಲ್ಪ, ಇಲ್ಲಿಂದ ಸ್ವಲ್ಪ. ನಿಂಗೆ ಗೊತ್ತಲ್ಲ."

"ಚೆನ್ನಾಗಿ ಬಂದಿದೆ. ಮುದುಕನ ಮಾತು ಅಂತೂ ಬಹಳ ಚೆನ್ನಾಗಿದೆ. ಅದು ಎಲ್ಲಿಂದ ಸಿಕ್ತು?"

ಎಡ್ಗರ್ ಅವನ ಮುಖವನ್ನೇ ನೋಡುತ್ತಿದ್ದ. ನಿಜ ಹೇಳಿಬಿಡಲಿ ಎಂದು ಒಂದು ಕ್ಷಣ ಹೃತ್ಪೂರ್ವಕವಾಗಿ ಬಯಸಿದ. ಹೇಳಿದ್ದರೆ ಗುರುವಾರಗಳಾದರೂ ಉಳಿಯುತ್ತಿದ್ದವು.

"ಸುಮ್ಮನೆ ಹೊಳೀತು," ಎಂದ ನೈಜೆಲ್. "ಸ್ನಾನ ಮಾಡ್ತಾ ಇದ್ದೆ, ಹೊಳೀತು."

ನಿರ್ದೇಶಕ ಕ್ವೆಂಟಿನ್ ಚಪ್ಪಾಳೆ ತಟ್ಟಿದ. ಮೂವತ್ತೊಂದು ವರ್ಷ, ಎಲ್ಲರನ್ನೂ ಚಿನ್ನ ಎನ್ನುವವನು. "ಎಡ್ಗರ್ ಚಿನ್ನ, ಜಾಸ್ತಿ ಏನೂ ಬೇಡ. ಪೆಟ್ಟಿಗೆ ನೋಡಿ, ಮಾತು ಹೇಳಿ, ಗೋಡೆ ಕಡೆ ಹೊರಳಿ. ಸಾಯೋದು ನಾನು ಕ್ಯಾಮೆರಾದಲ್ಲಿ ನೋಡ್ಕೋತೀನಿ."

ಎದ್ದು ಹೋಗಬಹುದಿತ್ತು. ಎದೆನೋವು ಎಂದರೆ ಸಾಕು, ಈ ವಯಸ್ಸಿಗೆ ಯಾರೂ ಅನುಮಾನಿಸುವುದಿಲ್ಲ. ಹೋದರೆ ಸಂಜೆಯೊಳಗೆ ಇನ್ನೊಬ್ಬ ಮುದುಕ ಬರುತ್ತಾನೆ, ಅದೇ ಮಾತು ಹೇಳುತ್ತಾನೆ, ತಪ್ಪಾಗಿ, ಎಳೆದು. ಅದನ್ನು ನೆನೆದು ಎಡ್ಗರ್‌ಗೆ ಸಂಕಟವಾಯಿತು. ತನ್ನ ಸಂಕಟ ಉಚ್ಚಾರಣೆಯ ಬಗ್ಗೆ ಎಂದು ಗೊತ್ತಾಗಿ ನಾಚಿಕೆಯೂ ಆಯಿತು. ಕಂಬಳಿ ಎಳೆದುಕೊಂಡು ಮಲಗಿದ.

ಕಣ್ಣೀರು ಬೇಕಾದಾಗ ಎಡ್ಗರ್ ಹೋಗುತ್ತಿದ್ದ ಜಾಗ ಒಂದೇ. ಕೊಲೆಯಾದವನ ಅಣ್ಣನಾಗಿ, ಹೆಂಡತಿ ಸತ್ತ ಪಾದ್ರಿಯಾಗಿ, ಕೋರ್ಟಿನಲ್ಲಿ ತಲೆತಗ್ಗಿಸಿದ ಗುಮಾಸ್ತನಾಗಿ, ಪ್ರತಿ ಸಲವೂ ಅವನು ಒಳಗೊಳಗೇ ಮುಂದಿನ ಕೋಣೆಯ ಬಾಗಿಲು ತೆರೆದು ಅಪ್ಪನ ಬೆನ್ನನ್ನು ನೋಡುತ್ತಿದ್ದ. ಮುಖಕ್ಕೆ ಬೇಕಾದದ್ದು ತಾನಾಗಿ ಬರುತ್ತಿತ್ತು. ಇಪ್ಪತ್ತೆರಡು ವರ್ಷ ಆ ಒಂದು ಬೆನ್ನಿನ ಮೇಲೆ ಸಂಸಾರ ನಡೆದಿತ್ತು. ಹಾಗಾದರೆ ಮೊದಲು ಮಾರಿದವನು ಯಾರು ಎಂದು ಈಗ, ಕಂಬಳಿಯೊಳಗೆ, ಅವನಿಗೆ ಅನ್ನಿಸಿತು. ನೈಜೆಲ್ ಬರೀ ಮಾತನ್ನು ತೆಗೆದುಕೊಂಡಿದ್ದ.

ಇನ್ನೂ ಒಂದು ಹೊಳೆಯಿತು. ಆ ಕೋಣೆಯಲ್ಲಿ ಆವತ್ತು ಅವನು ಇರಲೇ ಇಲ್ಲ. ಅಪ್ಪನ ಬೆನ್ನನ್ನು ಅವನು ನೋಡಿದವನಲ್ಲ. ಅಪ್ಪ ಸಾಯುವ ಹೊತ್ತಿಗೆ ಅವನು ಅಲ್ಲಿಗೆ ಬಂದದ್ದು ಇವತ್ತೇ.

"ನೋಡ್ರಿ, ನಮ್ಮ ಹುಡುಗ ಬಂದ," ಎಂದಳು ತಾಯಿಯ ಪಾತ್ರದವಳು.

ಎಡ್ಗರ್ ಸೇಬಿನ ಪೆಟ್ಟಿಗೆಯನ್ನು ನೋಡಿದ. ಅಭ್ಯಾಸದಂತೆ ಒಳಗಿನ ಬಾಗಿಲಿಗೆ ಕೈ ಹಾಕಿದ. ಬಾಗಿಲು ತೆರೆಯಿತು. ಅಲ್ಲಿ ಹಸಿರು ಪಟ್ಟಿ, ಬೆಂಚು, ರಟ್ಟಿನ ಪೆಟ್ಟಿಗೆ. ಅಪ್ಪ ಇರಲಿಲ್ಲ. ಅವ್ವನ ಪಾತ್ರೆಯ ಸದ್ದೂ ಇರಲಿಲ್ಲ. ಅವನು ಕಾದ. ಏನೂ ಬರಲಿಲ್ಲ. ದುಃಖ ಹೋಗಲಿ, ಸಿಟ್ಟು ಕೂಡ ಬರಲಿಲ್ಲ. ಬಹಳ ಹೊತ್ತಾಯಿತು, ಮಾತು ಹೇಳಲೇಬೇಕಿತ್ತು.

"ಇಂವ ನಮ್ಮಾಂವ ಅಲ್ಲ."

ಗೋಡೆಯ ಕಡೆ ಹೊರಳಿದ. ಗೋಡೆ ಇರಬೇಕಾದಲ್ಲಿ ಒಬ್ಬ ದೀಪದವನ ಬೂಟುಗಳಿದ್ದವು.

ಅಗಿಯುತ್ತಿದ್ದವರು ಅಗಿಯುವುದನ್ನು ಬಿಟ್ಟಿದ್ದರು. ಮೇಲಿನಿಂದ ಮೂಗೆಳೆಯುವ ಸದ್ದು ಬಂತು. ದೀಪದವನು ತೋಳಿನಿಂದ ಮುಖ ಒರೆಸಿಕೊಳ್ಳುತ್ತಿದ್ದ. "ನಮ್ಮಪ್ಪ ಹೀಗೇ," ಎಂದ ಅವನು ಯಾರಿಗೋ, ಮೆಲ್ಲಗೆ.

"ದೇವರೇ," ಎಂದ ಕ್ವೆಂಟಿನ್. "ಎಡ್ಗರ್, ಇಷ್ಟು ದಿನ ಎಲ್ಲಿದ್ರಿ ನೀವು? ನಾಳೆ ಇದೇ ಬೇಕು. ಒಂದು ಕೂದಲೆಳೆ ಬದಲಾಗಬಾರದು."

ಇಷ್ಟು ವರ್ಷದಲ್ಲಿ ಯಾರೂ ಅವನಿಗೆ ಇಂಥ ಮಾತು ಹೇಳಿರಲಿಲ್ಲ. ಸಂತೋಷ ಆಗುತ್ತದೆಯೇ ಎಂದು ಎಡ್ಗರ್ ಅದಕ್ಕೂ ಸ್ವಲ್ಪ ಕಾದು ನೋಡಿದ.

ನಾಲ್ಕೂವರೆಗೆ ಎಲ್ಲ ಮುಗಿಯಿತು. ಎಲ್ಲರೂ ಕೋಟು ಹಾಕಿಕೊಂಡು ಬೀದಿಯಾಚೆಯ ಪಬ್ಬಿಗೆ ಹೊರಟರು. ನೈಜೆಲ್ ಅಡುಗೆಮನೆಯ ಗೋಡೆಯೊಳಗಿಂದ ಹಾದು ಬಂದು, ಎಡ್ಗರ್‌ನ ಭುಜ ಹಿಡಿದ. ಅವನ ಕಣ್ಣು ಕೆಂಪಾಗಿತ್ತು, ಅದೂ ನಿಜವೇ.

"ಬಾ. ಒಂದು ಕುಡಿಯೋಣ. ಇವತ್ತು ಗುರುವಾರ ಕಣೋ."

"ನೀನು ಹೋಗಿರು."

"ಐರಿಸ್‌ಗೆ ನಾನೇ ಫೋನ್ ಮಾಡಿ ಹೇಳ್ತೀನಿ, ನೀನು ಎಷ್ಟು ಚೆನ್ನಾಗಿ ಮಾಡಿದೆ ಅಂತ."

"ಹೇಳು," ಎಂದ ಎಡ್ಗರ್. "ನಂಬರು ಗೊತ್ತಲ್ಲ."

ನೈಜೆಲ್ ಪೈಪನ್ನು ಬಾಯಿಗೆ ಇಟ್ಟುಕೊಂಡು ಹೋದ.

ಕಿಟಕಿಗಳಾಚೆ ಫೆಬ್ರವರಿಯ ಬೆಳಕು ಆರುತ್ತಿತ್ತು. ರೈಲೊಂದು ಹಾದು ಕಟ್ಟಡ ನಡುಗಿತು. ಎಡ್ಗರ್ ಬೆಂಚಿನ ಮೇಲೇ ಕೂತಿದ್ದ. ಮೊರೀನ್ ಮೊಣಕಾಲೂರಿ ಆಸ್ಪತ್ರೆಯನ್ನು ಕಿತ್ತಳು. ಆಮೇಲೆ ಪಬ್ಬು. ಪಟ್ಟಿ ನೆಲದಿಂದ ಬಿಡುವಾಗ ಚರ್ರೆಂದು ಸದ್ದು ಮಾಡುತ್ತಿತ್ತು. ಕಿತ್ತದ್ದನ್ನೆಲ್ಲ ಅವಳು ಒಂದರ ಮೇಲೊಂದು ಸುತ್ತಿ ಉಂಡೆ ಮಾಡುತ್ತಿದ್ದಳು. ಅದಕ್ಕೆ ಕೂದಲು, ಧೂಳು, ಬ್ರೆಡ್ಡಿನ ಪುಡಿ ಅಂಟುತ್ತಿತ್ತು.

"ಸೋಮವಾರ ಇಲ್ಲಿ ಜಮೀನ್ದಾರರ ಬಂಗಲೆ," ಎಂದಳು. "ಹದಿನಾಲ್ಕು ಕೋಣೆ. ನನ್ನ ಸೊಂಟ ಹೋಗತ್ತೆ. ಅದರಲ್ಲಿ ಇದೀರಾ ನೀವು?"

"ಗೊತ್ತಿಲ್ಲ. ಬಟ್ಲರ್ ಬೇಕಾದ್ರೆ ಕರೀತಾರೆ."

ಅಡುಗೆಮನೆ ಹೋಯಿತು. ಕಲ್ಲಿದ್ದಲ ಗೂಡು ಹೋಯಿತು. ಅಜ್ಜ ಬೈಸಿಕೊಂಡು ಹಾಕಿದ ಮೆಟ್ಟಿಲನ್ನು ಮೊರೀನ್ ಒಂದೇ ಸೆಳೆತಕ್ಕೆ ಎಳೆದಳು. ಉಂಡೆ ಈಗ ಕೈಕೂಸಿನಷ್ಟು ಆಗಿತ್ತು. ಅದನ್ನು ಸೊಂಟಕ್ಕೆ ಏರಿಸಿಕೊಂಡಳು.

"ಸ್ವಲ್ಪ ಏಳ್ತೀರಾ ಎಡ್ಗರ್? ನಿಮ್ಮ ಬೆನ್ನ ಹಿಂದಿನ ಗೋಡೆ ತೆಗೀಬೇಕು."

ಅವನು ಎದ್ದ. ಅವಳು ಗೋಡೆ ತೆಗೆದಳು, ಬೆಂಚನ್ನು ಮೂಲೆಗೆ ತಳ್ಳಿದಳು, ಎರಡು ಕಂಬಗಳನ್ನು ಹೊತ್ತು ಇನ್ನೊಂದು ಮೂಲೆಗೆ ಸಾಗಿಸಿದಳು. ನೆಲ ಬರಿದಾಯಿತು. ಪೂರ್ತಿ ಬರಿದೂ ಅಲ್ಲ. ವರ್ಷಗಳಿಂದ ಅಂಟಿಸಿ ಕಿತ್ತ ಪಟ್ಟಿಗಳ ಮಸುಕು ಗೆರೆಗಳು ಒಂದರ ಮೇಲೊಂದು ಬಿದ್ದಿದ್ದವು, ಯಾವ ಗೆರೆ ಯಾವ ಮನೆಯದು ಎಂದು ಹೇಳಲು ಬರುವಂತಿರಲಿಲ್ಲ.

ಎಡ್ಗರ್ ಕೋಟಿನ ಗುಂಡಿ ಹಾಕಿಕೊಂಡ. ಒಂದು ಹೆಜ್ಜೆ ಇಟ್ಟು ನಿಂತ.

"ಮೊರೀನ್, ಬಾಗಿಲು ಎಲ್ಲಿತ್ತು?"

"ಯಾವ ಬಾಗಿಲು?" ಎಂದಳು ಅವಳು, ದೂರದಿಂದ, ಒಂದೊಂದಾಗಿ ದೀಪ ಆರಿಸುತ್ತ.

ಅವನು ತಲೆ ತಗ್ಗಿಸಿದ. ಸೊಂಟದ ಎತ್ತರಕ್ಕೆ ಕೈ ಚಾಚಿ, ಹಿಡಿಕೆಗಾಗಿ ಎಡಕ್ಕೊಮ್ಮೆ ಬಲಕ್ಕೊಮ್ಮೆ ತಡಕಾಡಿದ.